‘ರೆಕಾರ್ಡ್ ನಾಟ್ ಫೌಂಡ್’ ನಂಬಿ ‘ಇಲ್ಲ’ ಎಂದು ಬರೆಯಬೇಡಿ: ಸರ್ಕಾರಿ ಕೆಲಸದ ಅಭ್ಯರ್ಥಿಗೆ ಇ-ಕೋರ್ಟ್ಸ್ ಆ್ಯಪ್ ಎಷ್ಟು ಉಪಯೋಗ?

ಸರ್ಕಾರಿ ಕೆಲಸಕ್ಕೆ ಆಯ್ಕೆಯಾಗಿ, ಪೂರ್ವಾಪರ ಪರಿಶೀಲನೆಗೆಂದು ತುಂಬಿಕೊಡಬೇಕಾದ ಅಟೆಸ್ಟೇಷನ್ ಫಾರ್ಮ್ ಕೈಗೆ ಬಂದಾಗ, ‘ನನ್ನ ಹೆಸರಲ್ಲಿ ಏನಾದರೂ ಕೇಸು ಇದೆಯಾ’ ಎಂದು ನೋಡಿಕೊಳ್ಳಲು ಈಗ ಬಹಳಷ್ಟು ಜನ ತೆರೆಯುವುದು ಇ-ಕೋರ್ಟ್ಸ್ ಸರ್ವಿಸಸ್ ಆ್ಯಪ್. ಸುಪ್ರೀಂ ಕೋರ್ಟಿನ ಇ-ಸಮಿತಿಯ ಯೋಜನೆಯಡಿ ಕೇಂದ್ರ ಸರ್ಕಾರದ ತಂತ್ರಜ್ಞಾನ ಸಂಸ್ಥೆ ಎನ್‌ಐಸಿ ರೂಪಿಸಿದ್ದು. ದುಡ್ಡು ಕೊಡಬೇಕಿಲ್ಲ. ಮುಂದಿನ ತಾರೀಖು ನೋಡಲು, ಆದೇಶ ಓದಲು ವಕೀಲರೂ ಕಕ್ಷಿದಾರರೂ ದಿನಾ ಬಳಸುತ್ತಾರೆ, ಆ ಕೆಲಸವನ್ನು ಅದು ಚೆನ್ನಾಗಿಯೇ ಮಾಡುತ್ತದೆ. ಇಲ್ಲಿ ಅದನ್ನು ತೂಗುತ್ತಿರುವುದು ಬೇರೆ ತಕ್ಕಡಿಯಲ್ಲಿ: ಫಾರ್ಮಿನಲ್ಲಿ ‘ಹೌದು’ ಅಥವಾ ‘ಇಲ್ಲ’ ಬರೆದು ಸಹಿ ಹಾಕುವ ಮುಂಚೆ ಈ ಆ್ಯಪನ್ನು ಎಷ್ಟು ನೆಚ್ಚಿಕೊಳ್ಳಬಹುದು?

ಅಂಕ ಕೊಡುವುದಾದರೆ ಎರಡು ಬಗೆಯಲ್ಲಿ ಕೊಡಬೇಕು. ಇದೆ ಎಂದು ಗೊತ್ತಿರುವ ಕೇಸಿನ ವಿವರ ತೆಗೆಯಲು ಐದಕ್ಕೆ ನಾಲ್ಕೂವರೆ. ಕೇಸೇ ಇಲ್ಲ ಎಂದು ಖಾತ್ರಿ ಮಾಡಿಕೊಳ್ಳಲು ಐದಕ್ಕೆ ಒಂದೂವರೆ, ಅದೂ ಉದಾರವಾಗಿ.

ಕಾರಣ ಫಾರ್ಮಿನಲ್ಲೇ ಇದೆ. ಕೇಂದ್ರ ಸರ್ಕಾರದ ಅಟೆಸ್ಟೇಷನ್ ಫಾರ್ಮ್ ಕೇಳುವುದು ‘ಈಗ ಕೇಸು ಇದೆಯಾ’ ಎಂಬ ಒಂದೇ ಪ್ರಶ್ನೆಯನ್ನಲ್ಲ. ಎಂದಾದರೂ ಬಂಧನವಾಗಿದೆಯೇ, ಪ್ರಾಸಿಕ್ಯೂಷನ್ ಆಗಿದೆಯೇ, ಡಿಟೆನ್ಷನ್‌ನಲ್ಲಿ ಇಟ್ಟಿದ್ದರೇ, ಮುಚ್ಚಳಿಕೆ ಬರೆಸಿಕೊಂಡಿದ್ದರೇ, ಕೋರ್ಟು ದಂಡ ಹಾಕಿದೆಯೇ, ಶಿಕ್ಷೆಯಾಗಿದೆಯೇ, ಯಾವುದಾದರೂ ಪರೀಕ್ಷೆಯಿಂದ ಡಿಬಾರ್ ಆಗಿದ್ದೀರೇ, ಫಾರ್ಮ್ ತುಂಬುವ ಹೊತ್ತಿಗೆ ಯಾವುದಾದರೂ ಕೋರ್ಟಿನಲ್ಲಿ ಕೇಸು ಬಾಕಿಯಿದೆಯೇ ಎಂದು ಒಂದೊಂದನ್ನೂ ಬೇರೆ ಬೇರೆಯಾಗಿ ಕೇಳುತ್ತದೆ. ‘ಎಂದಾದರೂ’ ಎಂದರೆ ಖುಲಾಸೆಯಾದದ್ದೂ ಸೇರಿತು, ರಾಜಿಯಾದದ್ದೂ ಸೇರಿತು, ದಂಡ ಕಟ್ಟಿ ಮರೆತದ್ದೂ ಸೇರಿತು. ಈ ಪಟ್ಟಿಯಲ್ಲಿ ಆ್ಯಪಿನ ಕಣ್ಣಿಗೆ ಬೀಳುವುದು ಕೋರ್ಟಿನ ರಿಜಿಸ್ಟರಿಗೆ ಹತ್ತಿದ್ದು ಮಾತ್ರ. ಠಾಣೆಯ ಮಟ್ಟದಲ್ಲೇ ಮುಗಿದದ್ದು, ತಹಶೀಲ್ದಾರರ ಕಚೇರಿಯಲ್ಲಿ ನಡೆದದ್ದು, ವಿಶ್ವವಿದ್ಯಾಲಯದಲ್ಲಿ ಆದದ್ದು ಅಲ್ಲಿ ಬರುವುದಿಲ್ಲ.

ಮೊದಲು ಹೊಗಳಬೇಕಾದದ್ದನ್ನು ಹೊಗಳಿಬಿಡೋಣ. ಸಿಎನ್‌ಆರ್ ನಂಬರ್ ಕೈಯಲ್ಲಿದ್ದರೆ ಇದರಷ್ಟು ಸಲೀಸಾದ ಸರ್ಕಾರಿ ಸೇವೆ ಕಡಿಮೆ. ಅದು ಪ್ರತಿ ಕೇಸಿಗೂ ಕೊಡುವ ಹದಿನಾರು ಅಕ್ಷರ-ಅಂಕಿಗಳ ಗುರುತು: ಮೊದಲೆರಡು ಅಕ್ಷರ ರಾಜ್ಯಕ್ಕೆ (ಕರ್ನಾಟಕಕ್ಕೆ ‘ಕೆಎ’), ಮುಂದಿನೆರಡು ಜಿಲ್ಲೆಗೆ, ಆಮೇಲೆ ಎರಡಂಕಿ ಕೋರ್ಟಿಗೆ, ಆರಂಕಿ ಕ್ರಮಸಂಖ್ಯೆಗೆ, ಕೊನೆಯ ನಾಲ್ಕು ವರ್ಷಕ್ಕೆ. ನಡುವೆ ಗೆರೆ, ಜಾಗ ಬಿಡದೆ ಹೊಡೆದರೆ ಸಾಕು. ಸಿಗುವ ಪುಟದಲ್ಲಿ ಕೇಸಿನ ಬಗೆ, ನೋಂದಣಿ ದಿನಾಂಕ, ಯಾವ ಕಾಯ್ದೆಯ ಯಾವ ಕಲಂ, ಯಾವ ಠಾಣೆ, ಎಫ್‌ಐಆರ್ ನಂಬರ್ ಮತ್ತು ವರ್ಷ, ಒಂದೊಂದು ತಾರೀಖಿನಂದು ಏನು ನಡೆಯಿತು, ಮುಗಿದಿದ್ದರೆ ತೀರ್ಮಾನದ ದಿನಾಂಕ, ವಿಲೇವಾರಿಯ ಬಗೆ ಎಲ್ಲವೂ ಇರುತ್ತವೆ. ತೀರ್ಪು ಅಪ್‌ಲೋಡ್ ಆಗಿದ್ದರೆ ಅದೂ ಸಿಗುತ್ತದೆ. ಫಾರ್ಮಿನಲ್ಲಿ ಬರೆಯಬೇಕಾದ ವಿವರ ಬಹುಮಟ್ಟಿಗೆ ಇದೇ. ಹಿಂದೆ ಇಷ್ಟಕ್ಕಾಗಿ ವಕೀಲರ ಗುಮಾಸ್ತರ ಹಿಂದೆ ಓಡಾಡಬೇಕಿತ್ತು.

ತೊಂದರೆ ಶುರುವಾಗುವುದು ನಂಬರ್ ಇಲ್ಲದೆ ಹೆಸರು ಹೊಡೆದು ಹುಡುಕಿದಾಗ.

ಹೆಸರಿನ ಹುಡುಕಾಟದಲ್ಲಿ ಮೊದಲು ರಾಜ್ಯ, ಜಿಲ್ಲೆ, ಆಮೇಲೆ ಕೋರ್ಟ್ ಸಂಕೀರ್ಣ ಆರಿಸಬೇಕು. ಹುಡುಕುವುದು ಆ ಒಂದು ಸಂಕೀರ್ಣದೊಳಗೆ ಮಾತ್ರ. ಜಿಲ್ಲಾ ಕೇಂದ್ರ ಆರಿಸಿ ನೋಡಿದವರಿಗೆ ತಾಲ್ಲೂಕಿನ ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟರ ಜೆಎಂಎಫ್‌ಸಿ ಕೋರ್ಟಿನ ಕೇಸು ಕಾಣುವುದಿಲ್ಲ. ಇಡೀ ರಾಜ್ಯಕ್ಕೆ ಒಂದೇ ಸಲ ಬಲೆ ಬೀಸುವ ಸೌಲಭ್ಯ ಇಲ್ಲಿಲ್ಲ. ಊರು, ಓದಿದ ಜಾಗ, ಕೆಲಸ ಮಾಡಿದ ಜಾಗ, ಗಾಡಿ ಹಿಡಿಸಿಕೊಂಡ ಜಾಗ ಎಲ್ಲದರ ಕೋರ್ಟುಗಳನ್ನೂ ಒಂದೊಂದಾಗಿ ನೋಡಬೇಕು.

ಎರಡನೆಯದು ವರ್ಷ. ಹೆಸರಿನ ಹುಡುಕಾಟ ಕೇಳುವುದು ಕೇಸು ಕೋರ್ಟಿನಲ್ಲಿ ನೋಂದಣಿಯಾದ ವರ್ಷವನ್ನು, ಗಲಾಟೆ ನಡೆದ ವರ್ಷವನ್ನಲ್ಲ. 2016ರ ಡಿಸೆಂಬರಿನಲ್ಲಿ ಎಫ್‌ಐಆರ್ ಆಗಿ, 2018ರಲ್ಲಿ ದೋಷಾರೋಪಣ ಪಟ್ಟಿ ಸಲ್ಲಿಕೆಯಾಗಿದ್ದರೆ ಕೋರ್ಟು ಕೊಡುವ ಸಿ.ಸಿ. (ಕ್ರಿಮಿನಲ್ ಕೇಸ್) ನಂಬರ್ 2018ರದ್ದು. 2016 ಎಂದು ಹಾಕಿ ನೋಡಿದವರಿಗೆ ‘ರೆಕಾರ್ಡ್ ನಾಟ್ ಫೌಂಡ್’. ಎಫ್‌ಐಆರ್ ವರ್ಷದಿಂದ ಹಿಡಿದು ಕನಿಷ್ಠ ನಾಲ್ಕೈದು ವರ್ಷ ಮುಂದಕ್ಕೆ ನೋಡಬೇಕು.

ಇನ್ನು ಕಾಗುಣಿತ. ಹುಡುಕಬೇಕಾದದ್ದು ಇಂಗ್ಲಿಷ್ ಅಕ್ಷರಗಳಲ್ಲಿ, ದಾಖಲಾಗಿರುವುದು ಠಾಣೆಯ ಬರಹಗಾರರು ಬರೆದಂತೆ. ಮಂಜುನಾಥ್, ಮಂಜುನಾಥ, ಮಂಜುನಾತ, ಮಂಜ. ಇನಿಷಿಯಲ್ ಮುಂದೆ ಬಂದದ್ದು, ಹಿಂದೆ ಬಂದದ್ದು. ‘ಅಲಿಯಾಸ್’ ಎಂದು ಅಡ್ಡಹೆಸರೇ ಮುಖ್ಯವಾದದ್ದು. ಪೂರ್ತಿ ಹೆಸರು ಹೊಡೆಯುವ ಬದಲು ಮೊದಲ ನಾಲ್ಕೈದು ಅಕ್ಷರ ಮಾತ್ರ ಹೊಡೆದು, ಬರುವ ಉದ್ದನೆಯ ಪಟ್ಟಿಯನ್ನು ಠಾಣೆಯ ಹೆಸರಿನಿಂದ ಸೋಸುವುದು ಮೇಲು. ಜೊತೆಗೆ ‘ಪೆಂಡಿಂಗ್’, ‘ಡಿಸ್ಪೋಸ್ಡ್’, ‘ಬೋತ್’ ಎಂಬ ಆಯ್ಕೆಗಳಲ್ಲಿ ಯಾವುದು ಒತ್ತಿದೆ ಎಂದು ನೋಡಿಕೊಳ್ಳಿ. ಬಾಕಿ ಕೇಸುಗಳನ್ನಷ್ಟೇ ನೋಡಿ, ಖುಲಾಸೆಯಾದ ಹಳೆಯದನ್ನು ಬಿಟ್ಟವರೇ ಹೆಚ್ಚು. ಫಾರ್ಮಿನ ಮಟ್ಟಿಗೆ ‘ಬೋತ್’ ಒಂದೇ ಸರಿ.

ಹಾಗಾಗಿ ಹೆಸರಿನ ಹುಡುಕಾಟವನ್ನು ಕೊನೆಗಿಟ್ಟುಕೊಳ್ಳಿ. ಮೊದಲು ಎಫ್‌ಐಆರ್ ಮೂಲಕ ಹೋಗಿ. ಠಾಣೆ ಆರಿಸಿ, ಎಫ್‌ಐಆರ್ ನಂಬರ್ ಮತ್ತು ವರ್ಷ ಹಾಕಬೇಕು. ಇಲ್ಲಿ ಕೇಳುವುದು ಎಫ್‌ಐಆರಿನ ವರ್ಷವನ್ನೇ. ಠಾಣೆಯಲ್ಲಿ ಇದನ್ನೇ ಅಪರಾಧ ಸಂಖ್ಯೆ, ಮೊಕದ್ದಮೆ ನಂಬರ್ ಎನ್ನುತ್ತಾರೆ, ಉತ್ತರ ಕರ್ನಾಟಕದ ಕಡೆ ಗುನ್ನೆ ನಂಬರ್. ಎಫ್‌ಐಆರ್ ಪ್ರತಿ ಕಳೆದುಹೋಗಿದ್ದರೆ ಜಾಮೀನು ಆದೇಶದಲ್ಲಿ, ಬಾಂಡಿನ ಕಾಗದದಲ್ಲಿ, ಕೋರ್ಟ್ ಸಮನ್ಸಿನಲ್ಲಿ ಈ ನಂಬರ್ ಸಾಮಾನ್ಯವಾಗಿ ಇರುತ್ತದೆ. ನಂಬರ್ ಸಿಕ್ಕ ಮೇಲೆ ರಾಜ್ಯ ಪೊಲೀಸ್ ವೆಬ್‌ಸೈಟಿನಲ್ಲಿ ಎಫ್‌ಐಆರ್ ಪ್ರತಿಯನ್ನೂ ಹುಡುಕಬಹುದು. ಎಫ್‌ಐಆರ್‌ಗಳನ್ನು 24 ಗಂಟೆಯೊಳಗೆ ವೆಬ್‌ಸೈಟಿಗೆ ಹಾಕಬೇಕೆಂದು ಸುಪ್ರೀಂ ಕೋರ್ಟ್ 2016ರ ಸೆಪ್ಟೆಂಬರಿನಲ್ಲಿ ಆದೇಶಿಸಿದೆ. ಲೈಂಗಿಕ ಅಪರಾಧ, ಪೋಕ್ಸೊ, ಭಯೋತ್ಪಾದನೆಯಂಥ ಸೂಕ್ಷ್ಮ ಪ್ರಕರಣಗಳಿಗೆ ವಿನಾಯಿತಿ ಇದೆ. ಆದ್ದರಿಂದ ಅಲ್ಲಿ ಕಾಣದಿದ್ದರೂ ಎಫ್‌ಐಆರ್ ಆಗಿಲ್ಲವೆಂದು ಹೇಳಲಾಗದು.

ಕೇಸು ಸಿಕ್ಕಿತು ಎನ್ನಿ. ಅಲ್ಲೂ ಓದುವುದರಲ್ಲಿ ಎಡವುವ ಎರಡು ಜಾಗಗಳಿವೆ, ಎರಡನ್ನೂ ಬಿಡಿಸಿ ಹೇಳಬೇಕು.

ಮೊದಲನೆಯದು, ಮ್ಯಾಜಿಸ್ಟ್ರೇಟ್ ಕೋರ್ಟಿನ ಸಿ.ಸಿ. ಕೇಸು ‘ಡಿಸ್ಪೋಸ್ಡ್’ ಎಂದು ತೋರಿಸುತ್ತದೆ, ಅಭ್ಯರ್ಥಿ ನಿಟ್ಟುಸಿರು ಬಿಡುತ್ತಾನೆ. ವಿಲೇವಾರಿಯ ಬಗೆ ಎಂಬ ಸಾಲು ನೋಡಿದರೆ ‘ಕಮಿಟೆಡ್’ ಎಂದಿರುತ್ತದೆ. ಅಂದರೆ ಸೆಷನ್ಸ್ ಕೋರ್ಟೇ ವಿಚಾರಣೆ ನಡೆಸಬೇಕಾದ ಅಪರಾಧವಾದ್ದರಿಂದ ಕೇಸು ಮೇಲಕ್ಕೆ ಹೋಗಿದೆ, ಅಲ್ಲಿ ಹೊಸ ಎಸ್.ಸಿ. (ಸೆಷನ್ಸ್ ಕೇಸ್) ನಂಬರ್, ಹೊಸ ಸಿಎನ್‌ಆರ್‌ನಲ್ಲಿ ನಡೆಯುತ್ತಿದೆ. ಕೆಳಗಿನ ಕಡತ ಮುಚ್ಚಿದೆ, ಕೇಸು ಮುಗಿದಿಲ್ಲ. ಆ್ಯಪ್ ಇದನ್ನು ದಪ್ಪಕ್ಷರದಲ್ಲಿ ಎಚ್ಚರಿಸಬೇಕಿತ್ತು, ಎಚ್ಚರಿಸುವುದಿಲ್ಲ.

ಎರಡನೆಯದು ಸ್ಪ್ಲಿಟ್ ಅಪ್. ಐದು ಜನ ಆರೋಪಿಗಳಲ್ಲಿ ಇಬ್ಬರು ಕೋರ್ಟಿಗೆ ಬರಲಿಲ್ಲವೆಂದರೆ ಅವರ ಮಟ್ಟಿಗೆ ಕೇಸನ್ನು ಬೇರ್ಪಡಿಸಿ ಹೊಸ ನಂಬರ್ ಕೊಡುತ್ತಾರೆ. ಮೂಲ ಕೇಸಿನಲ್ಲಿ ಉಳಿದ ಮೂವರು ಖುಲಾಸೆಯಾಗುತ್ತಾರೆ. ಗೆಳೆಯರು ‘ನಮ್ಮ ಕೇಸು ಬಿದ್ದುಹೋಯ್ತು ಕಣೋ’ ಅಂದದ್ದನ್ನೇ ನಂಬಿಕೊಂಡು ಊರು ಬಿಟ್ಟವನ ಹೆಸರಲ್ಲಿ ಬೇರ್ಪಟ್ಟ ಕೇಸು, ವಾರಂಟಿನ ಸಮೇತ, ಹಾಗೇ ಇರುತ್ತದೆ. ಮೂಲ ಕೇಸಿನ ಪುಟದಲ್ಲಿ ಆರೋಪಿಗಳ ಪಟ್ಟಿಯನ್ನೂ, ದಿನವಾರು ನಡಾವಳಿಯನ್ನೂ ಪೂರ್ತಿ ಓದಿ. ಬೇರ್ಪಡಿಸಿದ ಆದೇಶ ಅಲ್ಲಿ ಸಿಗುವ ಸಂಭವ ಹೆಚ್ಚು. ಅದೇ ಎಫ್‌ಐಆರ್ ನಂಬರಿಗೆ ಎಷ್ಟು ಕೇಸು ಬರುತ್ತವೆ ಎಂದೂ ನೋಡಿ. ಎಫ್‌ಐಆರ್ ಮೂಲಕ ಹುಡುಕುವುದು ಮೇಲು ಎಂದದ್ದು ಇದಕ್ಕೇ.

ಹೈಕೋರ್ಟಿನಲ್ಲಿ ಕೇಸು ರದ್ದಾಗಿದ್ದರೆ ಅದನ್ನು ಹೈಕೋರ್ಟ್ ವಿಭಾಗದಲ್ಲಿ ಪ್ರತ್ಯೇಕವಾಗಿ ನೋಡಬೇಕು, ಬೆಂಗಳೂರು, ಧಾರವಾಡ, ಕಲಬುರಗಿ ಎಂದು ಪೀಠ ಸರಿಯಾಗಿ ಆರಿಸಬೇಕು. ರದ್ದತಿ ಆದೇಶ ಕೆಳ ಕೋರ್ಟಿಗೆ ತಲುಪಿ ಅಲ್ಲಿ ನಮೂದಾಗುವ ತನಕ ಕೆಳಗೆ ‘ಪೆಂಡಿಂಗ್’ ಎಂದೇ ಇರಬಹುದು.

ಈಗ ಆ್ಯಪ್ ಕುರುಡಾಗಿರುವ ಕಡೆಗೆ ಬರೋಣ. ಅಭ್ಯರ್ಥಿಗಳು ಸಿಕ್ಕಿಬೀಳುವುದು ಬಹುತೇಕ ಇಲ್ಲೇ.

ಎಫ್‌ಐಆರ್ ಆಗಿದೆ, ಠಾಣೆಯಲ್ಲೇ ಜಾಮೀನು ಸಿಕ್ಕಿದೆ, ದೋಷಾರೋಪಣ ಪಟ್ಟಿ ಇನ್ನೂ ಹೋಗಿಲ್ಲ: ಸಿ.ಸಿ. ನಂಬರ್ ಬಿದ್ದಿರುವುದಿಲ್ಲ, ಹೆಸರು ಹೊಡೆದರೆ ಏನೂ ಬರುವುದಿಲ್ಲ. ಆದರೆ ಬಂಧನದ ಪ್ರಶ್ನೆಗೆ ಉತ್ತರ ‘ಹೌದು’. ಕೇಸು ಮುಚ್ಚಬಹುದೆಂದು ಪೊಲೀಸರು ಕೊಡುವ ಬಿ ರಿಪೋರ್ಟ್ ಆಗಿ ಮುಗಿದಿದ್ದರೂ ಬಂಧನವಾಗಿದ್ದರೆ ಉತ್ತರ ಅದೇ.

ನೂರೇಳು ಕೇಸು. ಊರ ಜಾತ್ರೆಯಲ್ಲೋ ಚುನಾವಣೆಯ ಹೊತ್ತಿನಲ್ಲೋ ಎರಡು ಗುಂಪುಗಳ ಮೇಲೂ ಹಾಕಿ, ತಾಲ್ಲೂಕು ದಂಡಾಧಿಕಾರಿಗಳಾದ ತಹಶೀಲ್ದಾರರ ಮುಂದೆ ಶಾಂತಿ ಕಾಪಾಡುವ ಬಾಂಡ್ ಬರೆಸಿಕೊಳ್ಳುವ ಮುಂಜಾಗ್ರತಾ ಪ್ರಕರಣ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ ಕಲಂ 107. 2024ರ ಜುಲೈ 1ರಿಂದ ಜಾರಿಯಾದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ, ಅಂದರೆ ಬಿಎನ್‌ಎಸ್‌ಎಸ್‌ನಲ್ಲಿ ಕಲಂ 126. ಇದು ಕಂದಾಯ ಇಲಾಖೆಯ ಅಧಿಕಾರಿಯ ಮುಂದೆ ನಡೆಯುವುದರಿಂದ ಇ-ಕೋರ್ಟ್ಸ್‌ನಲ್ಲಿ ಬರುವುದಿಲ್ಲ, ಠಾಣೆಯ ದಾಖಲೆಯಲ್ಲಿ ಇರುತ್ತದೆ. ಮುಚ್ಚಳಿಕೆಯ ಪ್ರಶ್ನೆ ಇರುವುದೇ ಇಂಥದ್ದಕ್ಕೆ. ಅದೊಂದು ಅಪರಾಧವಲ್ಲ, ಕೆಲಸಕ್ಕೆ ದೊಡ್ಡ ಅಡ್ಡಿಯೂ ಆಗಲಿಕ್ಕಿಲ್ಲ. ಬರೆಯದೆ ಬಿಟ್ಟರೆ ಮಾತ್ರ ಅದಕ್ಕೆ ಇಲ್ಲದ ತೂಕ ಬರುತ್ತದೆ.

ಇಸ್ಪೀಟು. ಬಯಲಲ್ಲಿ ಅಂದರ್ ಬಾಹರ್ ಆಡುವಾಗ ಹಿಡಿದು, ಕರ್ನಾಟಕ ಪೊಲೀಸ್ ಕಾಯ್ದೆ 1963ರ ಕಲಂ 87ರಡಿ ಕೇಸು ಹಾಕಿ, ಕೋರ್ಟಿನಲ್ಲಿ ‘ತಪ್ಪಾಯ್ತು ಸ್ವಾಮಿ’ ಎಂದು ದಂಡ ಕಟ್ಟಿಸಿ ಕಳಿಸಿದ್ದು. ದಂಡ ಕಟ್ಟಿದವರ ಮನಸ್ಸಿನಲ್ಲಿ ಅದು ಟ್ರಾಫಿಕ್ ಫೈನಿನ ಹಾಗೆ. ಕಾನೂನಿನಲ್ಲಿ ಅದು ತಪ್ಪೊಪ್ಪಿಗೆಯ ಮೇಲೆ ಆದ ಶಿಕ್ಷೆ. ದಂಡದ ಪ್ರಶ್ನೆಗೂ ‘ಹೌದು’, ಶಿಕ್ಷೆಯ ಪ್ರಶ್ನೆಗೂ ‘ಹೌದು’. ಇಂಥ ಹಳೆಯ ಸಣ್ಣ ಕೇಸುಗಳು ಕೋರ್ಟಿನ ಗಣಕಕ್ಕೆ ಏರಿರುತ್ತವೆಂಬ ಭರವಸೆಯೂ ಇಲ್ಲ, ಅದರಲ್ಲೂ ಗಣಕೀಕರಣಕ್ಕಿಂತ ಹಿಂದಿನವು.

‘ಆ್ಯಪಿನಲ್ಲೇ ಇಲ್ಲ, ಇನ್ಯಾರಿಗೆ ಗೊತ್ತಾಗುತ್ತೆ’ ಎಂಬ ಲೆಕ್ಕಾಚಾರ ತಪ್ಪುವುದು ಎಲ್ಲೆಂದರೆ, ಪರಿಶೀಲನೆ ಮಾಡುವವರು ಈ ಆ್ಯಪ್ ನೋಡಿ ವರದಿ ಕೊಡುವುದಿಲ್ಲ. ಫಾರ್ಮ್ ಹೋಗುವುದು ಪೊಲೀಸರಿಗೆ. ಅವರ ಕೈಯಲ್ಲಿ ಠಾಣೆಯ ರಿಜಿಸ್ಟರ್ ಇದೆ, ಠಾಣೆಗಳನ್ನು ಜೋಡಿಸುವ ಸಿಸಿಟಿಎನ್‌ಎಸ್ ಜಾಲ ಇದೆ, ಊರಿನ ಬೀಟ್ ಸಿಬ್ಬಂದಿಯ ನೆನಪೂ ಇದೆ. ನೀವು ನೋಡುವುದು ಒಂದು ಕಿಟಕಿಯಿಂದ, ಅವರು ನೋಡುವುದು ಇನ್ನೊಂದರಿಂದ. ವರದಿ ತಡವಾಗಿ, ಕೆಲಸಕ್ಕೆ ಸೇರಿ ಎಷ್ಟೋ ಕಾಲವಾದ ಮೇಲೆ ಬಂದ ಪ್ರಕರಣಗಳೂ ಇವೆ. ನೇಮಕವಾದ ಆರು ತಿಂಗಳೊಳಗೆ ಪರಿಶೀಲನೆ ಮುಗಿಸಬೇಕೆಂದು 2024ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟ್ ಹೇಳಬೇಕಾಗಿ ಬಂತು. ಸುಳ್ಳು ಸೇವಾವಧಿಯಲ್ಲಿ ಯಾವಾಗ ಬಯಲಾದರೂ ಕೆಲಸದಿಂದ ತೆಗೆಯಬಹುದು ಎಂದು ಫಾರ್ಮಿನ ತಲೆಯಲ್ಲೇ ಬರೆದಿರುತ್ತದೆ.

ಮುಚ್ಚಿಟ್ಟರೆ ಕೆಲಸ ಹೋಗಿಯೇ ತೀರುತ್ತದೆಯೇ? ಹಾಗೇನಿಲ್ಲ, ಮತ್ತು ಇದನ್ನು ತಿಳಿದಿದ್ದರೆ ಹೆದರಿ ಸುಳ್ಳು ಬರೆಯುವುದು ಕಡಿಮೆಯಾದೀತು. 2016ರ ಜುಲೈ 21ರಂದು ಅವತಾರ್ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಇದಕ್ಕೊಂದು ಚೌಕಟ್ಟು ಹಾಕಿಕೊಟ್ಟಿತು. ಎಳೆ ವಯಸ್ಸಿನಲ್ಲಿ ಘೋಷಣೆ ಕೂಗಿದಂಥ ಕ್ಷುಲ್ಲಕ ಪ್ರಕರಣವನ್ನು ಹೇಳದಿದ್ದರೂ ನೇಮಕಾತಿ ಪ್ರಾಧಿಕಾರ ಮನ್ನಿಸಬಹುದು. ಕ್ಷುಲ್ಲಕವಲ್ಲದ ಪ್ರಕರಣದಲ್ಲಿ ಶಿಕ್ಷೆಯಾಗಿದ್ದನ್ನು ಮುಚ್ಚಿಟ್ಟರೆ ನೇಮಕ ರದ್ದು ಮಾಡಬಹುದು. ಹಲವು ಬಾಕಿ ಕೇಸುಗಳನ್ನು ಬೇಕೆಂದೇ ಮುಚ್ಚಿಟ್ಟಿದ್ದರೆ ಅದೇ ಗಂಭೀರ. ಪ್ರಶ್ನೆ ಅಸ್ಪಷ್ಟವಾಗಿರಬಾರದು, ನಿರ್ದಿಷ್ಟವಾಗಿ ಕೇಳಿದ್ದನ್ನು ಹೇಳದಿದ್ದರೆ ಮಾತ್ರ ಮುಚ್ಚಿಟ್ಟಂತೆ. ವಿಷಯ ಅಭ್ಯರ್ಥಿಗೆ ಗೊತ್ತಿತ್ತು ಎನ್ನುವುದೂ ಕಾಣಬೇಕು. ಖಾಯಂ ಆದವರನ್ನು ತೆಗೆಯುವ ಮುಂಚೆ ಇಲಾಖಾ ವಿಚಾರಣೆ ಬೇಕು. ಇನ್ನೊಂದು ಮುಖವೂ ಇದೆ: ಎಲ್ಲವನ್ನೂ ಪ್ರಾಮಾಣಿಕವಾಗಿ ಬರೆದರೂ ಕೆಲಸ ಕೊಡಲೇಬೇಕೆಂಬ ಹಕ್ಕು ಹುಟ್ಟುವುದಿಲ್ಲ, ಪೂರ್ವಾಪರ ನೋಡುವ ಅಧಿಕಾರ ಪ್ರಾಧಿಕಾರಕ್ಕೆ ಇದ್ದೇ ಇದೆ.

ಆಮೇಲಿನ ತೀರ್ಪುಗಳು ಎರಡೂ ಕಡೆಗೆ ಬಂದಿವೆ. 2022ರಲ್ಲೇ ರೈಲ್ವೆ ರಕ್ಷಣಾ ಪಡೆಯ ಒಬ್ಬ ಕಾನ್‌ಸ್ಟೆಬಲ್‌ಗೆ ಅನುಕೂಲವಾಗಿ ತೀರ್ಪು ಬಂತು, ಅದೇ ವರ್ಷ ಸಿಆರ್‌ಪಿಎಫ್ ಪ್ರಕರಣದಲ್ಲಿ ವಜಾ ಊರ್ಜಿತವಾಯಿತು. ಅರ್ಜಿ ಹಾಕುವಾಗ ಕೇಸಿಲ್ಲದೆ, ನಡುವೆ ದಾಖಲಾಗಿ ಖುಲಾಸೆಯೂ ಆಗಿ, ಅಫಿಡವಿಟ್‌ನಲ್ಲಿ ಅದನ್ನು ಬರೆಯದೆ ಕೆಲಸ ಕಳೆದುಕೊಂಡ ಉತ್ತರ ಪ್ರದೇಶದ ಅಭ್ಯರ್ಥಿಗೆ ಸುಪ್ರೀಂ ಕೋರ್ಟಿನಲ್ಲಿ ನ್ಯಾಯ ಸಿಕ್ಕಿದ್ದು 2024ರಲ್ಲಿ. ಆ ಕೇಸು 2004ರದ್ದು. ಗೆದ್ದರೂ ಎಷ್ಟು ವರ್ಷ ಕಳೆದವು ನೋಡಿ. ಸಮವಸ್ತ್ರದ ಹುದ್ದೆಗಳಲ್ಲಿ ಕೋರ್ಟುಗಳ ಅಳತೆಗೋಲು ಇನ್ನಷ್ಟು ಬಿಗಿ. ‘ಅನುಮಾನದ ಲಾಭ’ ಕೊಟ್ಟು ಬಿಟ್ಟದ್ದಕ್ಕೂ, ಸಾಕ್ಷಿಗಳು ತಿರುಗಿಬಿದ್ದು ಬಿಟ್ಟದ್ದಕ್ಕೂ, ಆರೋಪವೇ ಸುಳ್ಳೆಂದು ಬಿಟ್ಟದ್ದಕ್ಕೂ ಅಲ್ಲಿ ಬೇರೆ ಬೇರೆ ಬೆಲೆ. ಆ್ಯಪಿನಲ್ಲಿ ಇವೆಲ್ಲ ‘ಅಕ್ವಿಟೆಡ್’ ಎಂಬ ಒಂದೇ ಪದವಾಗಿ ಕಾಣುತ್ತವೆ. ತೀರ್ಪನ್ನು ತೆರೆದು ಕೊನೆಯ ಪುಟಗಳನ್ನು ಓದದೆ ‘ಗೌರವಯುತ ಖುಲಾಸೆ’ ಎಂದು ನೀವಾಗಿಯೇ ಬರೆದುಕೊಳ್ಳಬೇಡಿ.

ಬಾಲ್ಯದಲ್ಲಿ, ಅಂದರೆ 18 ತುಂಬುವ ಮುಂಚೆ ನಡೆದದ್ದರ ವಿಷಯ ಬೇರೆ. ಬಾಲನ್ಯಾಯ ಕಾಯ್ದೆ 2015ರ ಕಲಂ 24 ಅಂಥ ಪ್ರಕರಣದಿಂದ ಅನರ್ಹತೆ ಅಂಟಬಾರದು ಎನ್ನುತ್ತದೆ. 16 ದಾಟಿ, ಘೋರ ಅಪರಾಧದಲ್ಲಿ ವಯಸ್ಕರಂತೆ ವಿಚಾರಣೆಗೆ ಒಳಗಾದವರಿಗೆ ಆ ರಕ್ಷಣೆ ಇಲ್ಲ. ಈ ಗುಂಪಿನವರು ಫಾರ್ಮ್ ತುಂಬುವ ಮುಂಚೆ ವಕೀಲರನ್ನು ಕೇಳುವುದು ಒಳ್ಳೆಯದು, ಆ್ಯಪಿನಿಂದ ಇದು ಬಗೆಹರಿಯುವುದಿಲ್ಲ. ಪ್ರೊಬೇಷನ್ ಮೇಲೆ, ಅಂದರೆ ಜೈಲಿಗೆ ಕಳಿಸದೆ ಒಳ್ಳೆಯ ನಡತೆಯ ಷರತ್ತಿನ ಮೇಲೆ ಕೋರ್ಟಿನಿಂದ ಬಿಡುಗಡೆಯಾದವರಲ್ಲೂ ಒಂದು ತಪ್ಪು ನಂಬಿಕೆ ಇದೆ. ಅಪರಾಧಿಗಳ ಪ್ರೊಬೇಷನ್ ಕಾಯ್ದೆಯ ಕಲಂ 12 ಶಿಕ್ಷೆಗೆ ಅಂಟಿದ ಅನರ್ಹತೆಯನ್ನು ತೆಗೆಯುತ್ತದೆಯೇ ಹೊರತು ಅಪರಾಧ ಸಾಬೀತಾಯಿತೆಂಬ ಸಂಗತಿಯನ್ನು ಅಳಿಸುವುದಿಲ್ಲ. ಕೇಳಿದರೆ ಬರೆಯಲೇಬೇಕು.

ಬರೆಯುವುದು ಹೇಗೆ ಎಂಬಲ್ಲಿ ಆ್ಯಪ್ ಮತ್ತೆ ಕೈಹಿಡಿಯುತ್ತದೆ. ಠಾಣೆಯ ಹೆಸರು, ಅಪರಾಧ ಸಂಖ್ಯೆ ಮತ್ತು ವರ್ಷ, ಕಲಂಗಳು, ಕೋರ್ಟಿನ ಹೆಸರು, ಸಿ.ಸಿ. ಅಥವಾ ಎಸ್.ಸಿ. ನಂಬರ್, ಸಿಎನ್‌ಆರ್, ಈಗಿನ ಹಂತ ಅಥವಾ ತೀರ್ಪಿನ ದಿನಾಂಕ ಇಷ್ಟನ್ನು ಒಂದೇ ಪ್ಯಾರಾದಲ್ಲಿ ಬರೆಯಿರಿ. ‘ದ್ವೇಷದಿಂದ ಹಾಕಿದ ಸುಳ್ಳು ಕೇಸು’ ಎಂಬ ವಿವರಣೆ ಅಲ್ಲಿ ಬೇಡ. ಜಾಗ ಸಾಲದಿದ್ದರೆ ‘ಪ್ರತ್ಯೇಕ ಹಾಳೆ ಲಗತ್ತಿಸಿದೆ’ ಎಂದು ನಮೂದಿಸಿ, ಹಾಳೆಯ ಮೇಲೂ ಸಹಿ ಹಾಕಿ. ಆ್ಯಪಿನಿಂದ ಇಳಿಸಿಕೊಂಡ ತೀರ್ಪು ಓದಲಿಕ್ಕೆ ಸರಿ, ದಾಖಲೆಯಾಗಿ ನಡೆಯುವುದಿಲ್ಲ; ಕೋರ್ಟಿನ ನಕಲು ವಿಭಾಗದಲ್ಲಿ ಅರ್ಜಿ ಹಾಕಿ ದೃಢೀಕೃತ ನಕಲು ತೆಗೆಸಿ. ಹಳೆಯ ಕಡತ ರೆಕಾರ್ಡ್ ರೂಮಿಗೆ ಹೋಗಿದ್ದರೆ ತಡವಾಗುತ್ತದೆ, ಆಯ್ಕೆ ಪಟ್ಟಿ ಬರುವ ತನಕ ಕಾಯಬೇಡಿ. ತುಂಬಿದ ಫಾರ್ಮಿನ ಎಲ್ಲ ಪುಟಗಳ ಪ್ರತಿ ನಿಮ್ಮ ಬಳಿ ಇರಲಿ. ಮುಂದೆ ನೋಟಿಸ್ ಬಂದರೆ, ಕೇಳಿದ್ದೇನು ಹೇಳಿದ್ದೇನು ಎಂದು ತೋರಿಸಲು ಅದೇ ಆಧಾರ.

ಯಾವ ನಂಬರೂ ಇಲ್ಲ, ಅನುಮಾನ ಮಾತ್ರ ಇದೆ ಎನ್ನುವವರು ಆ್ಯಪಿನಲ್ಲಿ ಹೊತ್ತು ಕಳೆಯುವ ಬದಲು ಸೇವಾ ಸಿಂಧು ಮೂಲಕ ಪೊಲೀಸ್ ಪರಿಶೀಲನಾ ಪ್ರಮಾಣಪತ್ರಕ್ಕೆ ಅರ್ಜಿ ಹಾಕಿ ನೋಡಬಹುದು, ಇಲ್ಲವೇ ವಾಸವಿದ್ದ ವ್ಯಾಪ್ತಿಯ ಠಾಣೆಯಲ್ಲಿ ನೇರವಾಗಿ ಕೇಳಬಹುದು.

ಫಾರ್ಮ್ ಕೊಟ್ಟ ಮೇಲೂ ಆ್ಯಪ್ ತೆಗೆದುಹಾಕಬೇಡಿ. ಸಲ್ಲಿಸಿದ ಬಳಿಕ ಬಂಧನ, ಶಿಕ್ಷೆಯಂಥದ್ದು ಆದರೆ ಕೂಡಲೇ ತಿಳಿಸಬೇಕು, ತಿಳಿಸದಿದ್ದರೆ ಅದೂ ಮುಚ್ಚಿಟ್ಟಂತೆ ಎಂದು ಕೇಂದ್ರದ ಫಾರ್ಮ್ ಹೇಳುತ್ತದೆ. ಬಾಕಿ ಕೇಸನ್ನು ‘ಮೈ ಕೇಸಸ್’ ಪಟ್ಟಿಗೆ ಸೇರಿಸಿಟ್ಟುಕೊಂಡರೆ ತಾರೀಖುಗಳು ಕಣ್ತಪ್ಪುವುದಿಲ್ಲ. ಈ ಪಟ್ಟಿ ಉಳಿಯುವುದು ಫೋನಿನಲ್ಲಿ. ಫೋನ್ ಬದಲಿಸುವ ಮುಂಚೆ ಎಕ್ಸ್‌ಪೋರ್ಟ್ ಮಾಡಿ ಆ ಫೈಲನ್ನು ಬೇರೆಡೆ ಇಟ್ಟುಕೊಳ್ಳಿ, ಹೊಸ ಫೋನಿನಲ್ಲಿ ಇಂಪೋರ್ಟ್ ಮಾಡಿಕೊಳ್ಳಬಹುದು.